ಬಾಯಿಗೆ ಬಂದ ಜೀವ

ಮಾರ್ಚ್ 3, ಸೋಮವಾರ

ಕನ್ನಡಕ ಮನೆಯಲ್ಲೇ ಬಿಟ್ಟು ಕೆಲಸಕ್ಕೆ ಹೋಗಿದ್ದೆ. ಅದಿಲ್ಲದೆ ಸೀಸೆಗಳ ಮೇಲಿನ ಚೀಟಿ ಓದಲಾರೆ. ಫೋನ್ ಮಾಡಿದ ಮೇಲೆ ತಮ್ಮ ತಂದುಕೊಟ್ಟ. ಕೊಟ್ಟು ಸುಮ್ಮನೆ ಹೋಗುವ ಆಸಾಮಿಯಾಗಿದ್ದರೆ ಇವತ್ತಿನ ಪುಟ ಖಾಲಿ ಉಳಿಯುತ್ತಿತ್ತು. ಮನೆಯಲ್ಲಿ ಅವನಿಗೆ ರೇಡಿಯೊ ಎಂದೇ ಹೆಸರು. ಎದ್ದಾಗ ತೆರೆದ ಬಾಯಿ ನಿದ್ದೆ ಬಂದಾಗ ಮುಚ್ಚಬೇಕು. ಕೆಲವು ದಿನ ಆಗಲೂ ಮುಚ್ಚುವುದಿಲ್ಲ.

ನಮ್ಮ ಕಟ್ಟಡದ ಲಿಫ್ಟ್ ಕೆಟ್ಟು ಕೂತಿದೆ. ಅವನ ಕಸುಬೇ ಲಿಫ್ಟ್ ರಿಪೇರಿ. ಅಂಥವನು ಮೆಟ್ಟಿಲು ಹತ್ತಿ ಬಂದು, ಲ್ಯಾಬಿನ ಬಾಗಿಲಿಗೆ ಒರಗಿ ಏದುಸಿರು ಬಿಡುತ್ತ ಅಂದ:

"ಜೀವ ಬಾಯಿಗೆ ಬಂತಲ್ಲಕ್ಕಾ."

ಮೂಲೆಯ ಮೇಜಿನಿಂದ ನನ್ನ ಜೊತೆಗಾರ ತಲೆ ಎತ್ತದೆಯೇ "ಬಿತ್ತು ಒಂದು" ಎಂದ.

ನಮ್ಮ ಕೋಣೆಯಲ್ಲಿ ಆ ಪದ ಆಡುವ ಹಾಗಿಲ್ಲ. ಆಡಿದವರು ಆ ದಿನದ ಗಾಜಿನ ಸಾಮಾನೆಲ್ಲ ತೊಳೆಯಬೇಕು. ಇದು ನಮ್ಮ ಮುಖ್ಯಸ್ಥೆ ಮೇಡಂ ಮಾಡಿದ ಕಟ್ಟಳೆ. ನಾನು ಸೇರುವುದಕ್ಕೆ ಮುಂಚೆ ಇಲ್ಲಿದ್ದ ಮಹಾನುಭಾವರೊಬ್ಬರು ಸೀಸೆಯೊಳಗೆ ಏನೋ ಬೆಳೆಯುವುದನ್ನು ಕಂಡು ಆ ಪದ ಬಳಸಿಬಿಟ್ಟರಂತೆ, ಪತ್ರಿಕೆಯವರ ಎದುರೂ ಬಳಸಿದರಂತೆ. ಕೊನೆಗೆ ನೋಡಿದರೆ ಅದು ಅವರೇ ತಿಂದ ಬ್ರೆಡ್ಡಿನ ಬೂಷ್ಟು. ಲ್ಯಾಬಿನವರೆಲ್ಲ ಬಹಳ ಕಾಲ ತಲೆ ತಗ್ಗಿಸಿ ಓಡಾಡಬೇಕಾಯಿತು.

ನಾವು ಮಾಡುವುದು ಇಷ್ಟು. ಭೂಮಿಯ ಮೇಲೆ ಇನ್ನೂ ಏನೂ ಉಸಿರಾಡದಿದ್ದ ಕಾಲದ ಒಂದು ಹೊಂಡದಲ್ಲಿ ಏನೇನು ಇದ್ದಿರಬಹುದೋ ಅದನ್ನೆಲ್ಲ ಸೀಸೆಗೆ ಹಾಕುತ್ತೇವೆ. ಉಪ್ಪು, ಜೇಡಿಮಣ್ಣು, ಕೊಬ್ಬಿನಂಥ ಪದಾರ್ಥ, ಆಕಾಶದಿಂದ ಬಿದ್ದ ಕಲ್ಲುಗಳಲ್ಲಿ ಸಿಗುವಂಥ ರಾಸಾಯನಿಕಗಳು. ಕಾಯಿಸಿ, ಒಣಗಿಸಿ, ಮತ್ತೆ ನೆನೆಸಿ, ಬೆಚ್ಚಗಿಟ್ಟು, ತಾನಾಗಿ ಏನಾದರೂ ಶುರುವಾಗುತ್ತದೆಯೇ ಎಂದು ಕಾಯುತ್ತೇವೆ. ಕೊಬ್ಬು ನೀರಿನಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಗುಳ್ಳೆಗಳಾಗುತ್ತದೆ. ಗುಳ್ಳೆ ಉಬ್ಬುತ್ತದೆ, ಉದ್ದವಾಗುತ್ತದೆ, ಒಮ್ಮೊಮ್ಮೆ ತುಂಡಾಗಿ ಎರಡಾಗುತ್ತದೆ. ಅದಕ್ಕೆ ಆ ದೊಡ್ಡ ಹೆಸರು ಕೊಟ್ಟ ಕ್ಷಣದಿಂದ ಕಣ್ಣು ತನಗೆ ಬೇಕಾದ್ದನ್ನೇ ನೋಡಲು ಶುರು ಮಾಡುತ್ತದೆ. ಅದಕ್ಕೇ ಈ ಕಟ್ಟಳೆ.

ಕಷ್ಟವೆಂದರೆ ನಮ್ಮ ಮಾತಿನಲ್ಲಿ ಸುಸ್ತಿಗೂ ಅದೇ ಪದ, ಸಿಟ್ಟಿಗೂ ಅದೇ, ಪ್ರೀತಿಗೂ ಅದೇ. ನಾನು ಪಳಗಿದ್ದೇನೆ. ಇಲ್ಲಿಯೂ, ಬೇರೆಯವರ ಬಾಯಿಂದ ಬಂದದ್ದನ್ನು ಬಿಟ್ಟರೆ, ಬರೆಯುವುದಿಲ್ಲ. ಅಭ್ಯಾಸ ಕೆಡಬಾರದು.

ಕಟ್ಟಳೆ ಏನೆಂದು ತಿಳಿಸಿದ್ದಕ್ಕೆ ರೇಡಿಯೊ ಇದೊಳ್ಳೆ ಜೀವ ಹಿಂಡೋ ರೂಲು ಎಂದ. ಜೀವಮಾನದಲ್ಲಿ ಇಂಥದ್ದು ಕೇಳಿಲ್ಲ ಎಂದ. ಜೊತೆಗಾರ ಎಣಿಸುವುದನ್ನು ಬಿಟ್ಟು ನಗತೊಡಗಿದ. ರೇಡಿಯೊ, ಇವತ್ತು ಕೆಲಸವಿದೆ, ನನ್ನ ಪಾಲಿನ ಪಾತ್ರೆ ಹಾಗೇ ಇಟ್ಟಿರಿ, ಇನ್ನೊಂದು ದಿನ ಬಂದು ತೊಳೆಯುತ್ತೇನೆ ಎಂದು ಅವನಿಗೆ ಮಾತು ಕೊಟ್ಟ. ಗೋಡೆಯ ಮೇಲೆ ಮಂಜುಗಟ್ಟಿದ ಚಂದ್ರನ ಚಿತ್ರವಿದೆ. ನಮ್ಮದಲ್ಲ, ದೂರದ ಗ್ರಹವೊಂದರದ್ದು. ಅಲ್ಲಿಗೆ ಹೋಗುವ ಉಪಕರಣ ಏನನ್ನು ಹುಡುಕಬೇಕು ಎಂದು ಹೇಳಿಕೊಡುವುದೂ ನಮ್ಮ ಕೆಲಸವೇ. ಅಲ್ಲಿ ಯಾರಾದರೂ ಇದ್ದಾರೆಯೇ ಎಂದು ಕೇಳಿದ. ಗೊತ್ತಿಲ್ಲ ಎಂದೆ. ಇದ್ದರೆ ಹೇಳು, ಲಿಫ್ಟ್ ಹಾಕಿಕೊಡುತ್ತೇನೆ ಎಂದ.

ಆಗ ನಾನು ಸೀಸೆಯೊಂದರ ಮುಚ್ಚಳ ತೆಗೆದು ಮಾದರಿ ಎತ್ತುತ್ತಿದ್ದೆ. ನೋಡನೋಡುತ್ತಿದ್ದಂತೆ ಅದರ ಮೇಲೆ ಬಗ್ಗಿ, ಅಮ್ಮ ಅವನನ್ನು ಎಬ್ಬಿಸುವ ದನಿಯಲ್ಲೇ, "ಏಳ್ರಪ್ಪಾ, ಬೆಳಗಾಯ್ತು" ಎಂದು ಸೀಸೆಯ ಬಾಯಿಗೆ ಬಾಯಿಟ್ಟು ಹೇಳಿದ. ಕಾಲರ್ ಹಿಡಿದು ಎಳೆದು ಹೊರಗೆ ಅಟ್ಟಿದೆ. ನಗುತ್ತ ಹೋದ. ಮಂಗ. ಆ ಸೀಸೆಯನ್ನು ಇನ್ನು ನಂಬುವ ಹಾಗಿಲ್ಲ, ನಾಳೆ ಚೆಲ್ಲಿ ಹೊಸದು ಹೂಡಬೇಕು.

ಮಾರ್ಚ್ 5, ಬುಧವಾರ

ರೇಡಿಯೊ ಬಿದ್ದ. ಕೆಲಸದ ಜಾಗದಲ್ಲಿ, ಲಿಫ್ಟ್ ಓಡಾಡುವ ಬಾವಿಯೊಳಗೆ. ನಿನ್ನೆ ಬೆಳಿಗ್ಗೆ.

ತಲೆಗೆ ಪೆಟ್ಟು. ಆಪರೇಷನ್ ಆಯಿತು. ಉಸಿರಾಟ ವೆಂಟಿಲೇಟರಿನದು.

ಅಮ್ಮ ಹೊಲಿಗೆ ಬಿಟ್ಟು ಹಾಗೇ ಎದ್ದು ಬಂದಿದ್ದಾಳೆ, ಅಳತೆಯ ಟೇಪು ಇನ್ನೂ ಕೊರಳಲ್ಲಿದೆ. ತೆಗೆಯಲೇ ಎಂದರೆ ಬೇಡ ಎಂದಳು.

ಮಾರ್ಚ್ 9, ಭಾನುವಾರ

ಐಸಿಯು ಒಳಗೆ ಒಂದು ಸಲಕ್ಕೆ ಒಬ್ಬರನ್ನು ಬಿಡುತ್ತಾರೆ. ಅಮ್ಮ ಹೋದರೆ ಹೊರಗೆ ಬರುವುದಿಲ್ಲ. ನರ್ಸ್ ಮೊದಲೆರಡು ದಿನ ಗದರಿದಳು. ಈಗ ಅಮ್ಮ ಅವರ ಗೌನುಗಳ ಕಿತ್ತುಹೋದ ದಾರಗಳನ್ನೆಲ್ಲ ಹೊಲಿದು ಕೊಡುತ್ತಿದ್ದಾಳೆ, ಹಾಗಾಗಿ ಕುರ್ಚಿಯೂ ಸಿಕ್ಕಿದೆ, ನನ್ನನ್ನೂ ಜೊತೆಗೆ ಬಿಡುತ್ತಾರೆ. ಹೊಲಿಯುವುದು, ನಡುವೆ ಅವನ ಕಿವಿಯ ಹತ್ತಿರ ಬಗ್ಗಿ ಏಳಪ್ಪಾ ಬೆಳಗಾಯ್ತು ಎನ್ನುವುದು. ಸಂಜೆಯಾದರೂ ಬೆಳಗಾಯ್ತು.

ನಾನು ಅವನ ಮುಖ ನೋಡುವುದಿಲ್ಲ, ಮಾನಿಟರುಗಳ ಮೇಲಿನ ಅಂಕಿಗಳನ್ನು ನೋಡುತ್ತೇನೆ. ಅಂಕಿಗಳು ಚೆನ್ನಾಗಿವೆ. ಏಕೆಂದರೆ ಅವು ಯಂತ್ರದ ಅಂಕಿಗಳು.

ಇಲ್ಲಿನ ಲಿಫ್ಟಿನವನಿಗೆ ರೇಡಿಯೊ ಪರಿಚಯ, ಈ ಲಿಫ್ಟನ್ನೂ ಅವನೇ ರಿಪೇರಿ ಮಾಡಿದ್ದನಂತೆ. ಹತ್ತಿದಾಗಲೆಲ್ಲ ಹೇಗಿದ್ದಾರೆ ಎಂದು ಕೇಳುತ್ತಾನೆ. ಇವತ್ತಿನಿಂದ ಮೆಟ್ಟಿಲು ಹತ್ತುತ್ತಿದ್ದೇನೆ.

ಮಾರ್ಚ್ 12, ಬುಧವಾರ

ಮನೆಯಲ್ಲೂ ಆಸ್ಪತ್ರೆಯಲ್ಲೂ ಕೂರಲಾಗದೆ ಲ್ಯಾಬಿಗೆ ಹೋದೆ. ಬೆಚ್ಚಗಿನ ಪೆಟ್ಟಿಗೆಯಲ್ಲಿ ನನ್ನ ಸೀಸೆಗಳು ಹಾಗೇ ಇದ್ದವು. ನೀರು ಬದಲಿಸೋಣವೆಂದು ತೆಗೆದವಳು ಒಂದರಲ್ಲಿ ಮಾತ್ರ ಸ್ವಲ್ಪ ಕದಡು ಕಂಡು, ಒಂದು ಹನಿ ಗಾಜಿನ ಮೇಲಿಟ್ಟು ಸೂಕ್ಷ್ಮದರ್ಶಕದಲ್ಲಿ ನೋಡಿದೆ.

ಮಣಿಸರ. ಒಂದಕ್ಕೊಂದು ಅಂಟಿದ ಸಣ್ಣ ಸಣ್ಣ ಮಣಿಗಳ ಉದ್ದುದ್ದ ಸರಗಳು. ಕೊಬ್ಬಿನ ಗುಳ್ಳೆ ಉದ್ದವಾಗಿ, ನಡುನಡುವೆ ಸೊಂಟದ ಹಾಗೆ ಕಿರಿದಾಗಿ ಮಣಿಮಣಿಯಾಗುತ್ತದೆ ಎಂದು ನಾವು ವರ್ಷಗಳಿಂದ ಲೆಕ್ಕ ಹಾಕುತ್ತಿದ್ದೇವೆ, ಆದರೆ ಹೀಗೆ ನಿಲ್ಲದೆ ಆಗುವುದನ್ನು ಕಂಡಿಲ್ಲ. ಬೆಳಿಗ್ಗೆ ನೋಡಿದ್ದಕ್ಕಿಂತ ಮಧ್ಯಾಹ್ನಕ್ಕೆ ಹೆಚ್ಚಾಗಿದ್ದವು, ಸಂಜೆಗೆ ಇನ್ನೂ ಹೆಚ್ಚು. ಒಂದು ಮಣಿ ನನ್ನ ಕಣ್ಣೆದುರೇ ಎರಡಾಯಿತು. ಇಷ್ಟು ದಿನದಲ್ಲಿ ಮೊದಲ ಬಾರಿ ಹೋದ ಜೀವ ಬಂದ ಹಾಗಾಯಿತು.

ಜೊತೆಗಾರ ನೋಡಿ ತುಟಿ ಕಚ್ಚಿಕೊಂಡ. ಆ ಪದ ಅವನ ನಾಲಿಗೆಯ ತುದಿಯಲ್ಲಿತ್ತು. ನುಂಗಿಕೊಂಡು, ಇದು ನಿಮ್ಮ ತಮ್ಮ ಬಗ್ಗಿದ ಸೀಸೆ ಅಲ್ಲ ತಾನೆ ಎಂದು ಕೇಳಿದ. ಅದೇ, ಆದರೆ ಅವನು ಬಗ್ಗುವಷ್ಟರಲ್ಲಿ ನಾನು ಮುಚ್ಚಳ ಹಾಕಿದ್ದೆ ಎಂದೆ. ಹಾಕಿದ್ದೆ ಅನಿಸುತ್ತದೆ. ಹೌದು, ಹಾಕಿದ್ದೆ.

ಮೇಡಂ ಬಹಳ ಹೊತ್ತು ನೋಡಿದರು. ಹೊಗಳಲಿಲ್ಲ, ತೆಗಳಲಿಲ್ಲ. "ಅರ್ಧ ಬೇರೆ ಮಾಡಿ ಆಂಟಿಬಯೋಟಿಕ್ ಹಾಕಿ ನೋಡಮ್ಮ" ಎಂದರು. ಸರಳ ಪರೀಕ್ಷೆ. ಕೊಬ್ಬಿನ ಗುಳ್ಳೆಗೆ ಆ ಔಷಧದಿಂದ ಏನೂ ಆಗುವುದಿಲ್ಲ. ಇವು ಎಲ್ಲಿಂದಲೋ ಬಂದು ಸೇರಿಕೊಂಡ ಬ್ಯಾಕ್ಟೀರಿಯಾ ಆಗಿದ್ದರೆ ಅಲ್ಲಿಗೇ ನಿಂತುಹೋಗುತ್ತವೆ. ಒಂದು ದಿನದಲ್ಲಿ ಉತ್ತರ ಸಿಗುತ್ತದೆ. ನಾಳೆ ಮಾಡುತ್ತೇನೆ ಎಂದು ಹೇಳಿ ಬಂದೆ.

ಮಾರ್ಚ್ 14, ಶುಕ್ರವಾರ

ಡಾಕ್ಟರ್ ನಮ್ಮಿಬ್ಬರನ್ನು ಸಣ್ಣ ಕೋಣೆಗೆ ಕರೆದು ಕೂರಿಸಿದರು. ಕಣ್ಣಿಗೆ ಬೆಳಕು ಬಿಟ್ಟರೂ, ಕಿವಿಗೆ ತಣ್ಣೀರು ಬಿಟ್ಟರೂ ಅವನ ಮಿದುಳು ಯಾವುದಕ್ಕೂ ಓಗೊಡುತ್ತಿಲ್ಲವಂತೆ. ಇನ್ನೊಂದು ಪರೀಕ್ಷೆ ಉಳಿದಿದೆ. ವೆಂಟಿಲೇಟರ್ ಬಿಡಿಸಿ, ಕೆಲವು ನಿಮಿಷ ಎದೆಯನ್ನೇ ನೋಡುತ್ತ ನಿಲ್ಲುವುದು. ತಾನಾಗಿ ಒಂದು ಉಸಿರು ಎಳೆದರೆ ಚಿಕಿತ್ಸೆ ಮುಂದುವರಿಸುತ್ತಾರೆ. ಎಳೆಯದಿದ್ದರೆ ಅವನು ಆಗಲೇ ಹೋಗಿದ್ದಾನೆ ಎಂದರ್ಥ. ಮನೆಯವರು ಒಪ್ಪದೆ ಇಲ್ಲಿ ಅದನ್ನು ಮಾಡುವುದಿಲ್ಲ.

ಅಮ್ಮ ಒಪ್ಪುವುದಿಲ್ಲ ಎಂದಳು. ಮೈ ಬೆಚ್ಚಗಿದೆ, ಗಡ್ಡ ಬೆಳೆಯುತ್ತಿದೆ, ಜೀವ ಇದೆ, ಇನ್ನೇನು ಪರೀಕ್ಷೆ ಎಂದಳು.

ನನಗೆ ಮೈಯೆಲ್ಲ ಉರಿದುಹೋಯಿತು. ಇದೆ ಎನ್ನುವುದು ಅಷ್ಟು ಖಾತ್ರಿಯಿದ್ದರೆ ಪರೀಕ್ಷೆಗೆ ಯಾಕೆ ಹೆದರಬೇಕು? ನೋಡದೆ ಇದ್ದರೆ ಇರುವುದು ಬದಲಾಗುತ್ತದೆಯೇ? ಇಷ್ಟು ವಯಸ್ಸಾದರೂ ಕಣ್ಣು ಮುಚ್ಚಿಕೊಂಡರೆ ಲೋಕಕ್ಕೆ ಕತ್ತಲೆ ಎಂದುಕೊಂಡಿದ್ದಾಳೆ. ಮನೆಗೆ ಬರುವಾಗ ಅವಳನ್ನು ಬಿಟ್ಟು ಮುಂದೆ ಮುಂದೆ ನಡೆದೆ.

ಆಂಟಿಬಯೋಟಿಕ್ ಹಾಕಲಾಗಲಿಲ್ಲ. ಮೊದಲು ಫೋಟೊಗಳನ್ನು ಸರಿಯಾಗಿ ತೆಗೆದುಕೊಳ್ಳಬೇಕು. ಒಂದು ಸಲ ಕೆಟ್ಟರೆ ಮತ್ತೆ ಸಿಗುವುದಿಲ್ಲ.

ಮಾರ್ಚ್ 15, ಶನಿವಾರ

ಸರಗಳು ಇನ್ನೂ ಉದ್ದವಾಗಿವೆ. ಬೆಳಿಗ್ಗೆ ನೋಡಿದೆ, ಸಂಜೆ ನೋಡಿದೆ.

ಮಾರ್ಚ್ 17, ಸೋಮವಾರ

ಮೇಡಂ ಮತ್ತೆ ಕೇಳಿದರು. ಇರುವ ಔಷಧ ಹಳೆಯದು, ಹೊಸದು ತರಿಸಿ ಹಾಕುತ್ತೇನೆ ಎಂದೆ. ಹೊಸದು ಕಪಾಟಿನಲ್ಲಿದೆ ಎಂದರು. ಹಾಗಾದರೆ ನಾಳೆ ಎಂದೆ. ಅವರು ಕನ್ನಡಕದ ಮೇಲಿಂದ ಒಂದು ಸಲ ನೋಡಿ ಎದ್ದು ಹೋದರು. ಪಾಪ ತಮ್ಮನ ಗಲಾಟೆಯಲ್ಲಿದ್ದಾಳೆ ಎಂದುಕೊಂಡಿರಬೇಕು. ಅದಕ್ಕೂ ಇದಕ್ಕೂ ಏನು ಸಂಬಂಧ?

ಇದು ನಿಜವೇ ಆಗಿದ್ದರೆ ಎಂದು ಮಧ್ಯಾಹ್ನ ಮೆಟ್ಟಿಲ ಮೇಲೆ ಕೂತು ಯೋಚಿಸಿದೆ. ಏನೂ ಇಲ್ಲದ ಕಡೆ ತಾನಾಗಿ ಶುರುವಾಗಬಹುದು ಎಂದಾದರೆ ಇಲ್ಲೂ ಆಗಬಹುದು, ಆ ಮಂಜಿನ ಚಂದ್ರನಲ್ಲೂ ಆಗಬಹುದು. ಮೊದಲು ರೇಡಿಯೊಗೆ ಹೇಳಬೇಕು ಅನ್ನಿಸಿತು. ಅವನಿಗೆ ಹೇಳಿದರೆ ಊರಿಗೆಲ್ಲ ಹೇಳಿದ ಹಾಗೆ. ಹಾಗೆಂದುಕೊಂಡು ಎದ್ದು ಮುಖ ತೊಳೆದುಕೊಂಡು ಒಳಗೆ ಹೋದೆ.

ಸಂಜೆ ಆಸ್ಪತ್ರೆಯಲ್ಲಿ ಜಗಳ. ಬೆರಳು ಅಲುಗಿತು ಎಂದು ಅಮ್ಮ ಹಟ ಹಿಡಿದಳು. ಅದು ಬೆನ್ನುಹುರಿಯ ಕೆಲಸ, ಮಿದುಳಿನದಲ್ಲ ಎಂದು ಡಾಕ್ಟರ್ ಮೊನ್ನೆಯೇ ಹೇಳಿದ್ದಾರೆ. ನಾನು ಹೇಳಬಾರದಿತ್ತೇನೋ, ಹೇಳಿದೆ.

"ಅದು ಅವನಲ್ಲಮ್ಮ. ಅಲ್ಲಿ ಉಸಿರಾಡ್ತಾ ಇರೋದು ಮಷಿನ್ನು."

ಅವನ ಹೊದಿಕೆಯ ಅಂಚು ಬಿಚ್ಚಿಕೊಂಡಿತ್ತು, ಅಮ್ಮ ಸೂಜಿ ತೆಗೆದು ಹೊಲಿಯುತ್ತ ಕೂತಳು.

ಮಾರ್ಚ್ 19, ಬುಧವಾರ

ಜೊತೆಗಾರ ಆಸ್ಪತ್ರೆಗೆ ಹೋಗಿ ಅಮ್ಮನ ಜೊತೆ ಕೂತಿದ್ದನಂತೆ. ಒಳ್ಳೆಯವನು, ಆದರೆ ಹೊಟ್ಟೆಯಲ್ಲಿ ಒಂದು ಮಾತು ನಿಲ್ಲುವುದಿಲ್ಲ. ನಾನು ತಿನ್ನುವುದು ಬಿಟ್ಟು ಒಂದು ಸೀಸೆ ಕಾಯುತ್ತಿದ್ದೇನೆ, ಅದಕ್ಕೊಂದು ಔಷಧ ಹಾಕಬೇಕು, ಹಾಕುತ್ತಿಲ್ಲ ಎಂದು ಎಲ್ಲವನ್ನೂ ಒಪ್ಪಿಸಿದ್ದಾನೆ.

ಅಡಿಗೆಮನೆಯಲ್ಲಿ ನಾನು ಟೀ ಸೋಸುತ್ತಿದ್ದೆ. ಅಮ್ಮ ಬಂದು ಬಾಗಿಲಲ್ಲಿ ನಿಂತಳು. ಅಳಲಿಲ್ಲ, ದನಿಯೂ ಏರಲಿಲ್ಲ.

"ನಿನ್ನ ಸೀಸೆಗೆ ಆ ಔಷಧಿ ಯಾಕೆ ಹಾಕಿಲ್ಲ?"

ಸಮಯ ಸಿಕ್ಕಿಲ್ಲ ಎಂದೆ.

"ನನಗೂ ಸಿಕ್ಕಿಲ್ಲ. ನೀನು ಮೊದಲು ನಿಂದು ಹಾಕು. ಆಮೇಲೆ ಬಂದು ನನ್ನ ಮಗನ ವಿಷಯ ಮಾತಾಡು."

ಟೀ ತಣ್ಣಗಾಯಿತು. ಎರಡೂ ಒಂದೇ ಅಲ್ಲ ಎಂದು ಅವಳಿಗೆ ಹೇಗೆ ತಿಳಿಸುವುದು? ಇದು ವಿಜ್ಞಾನ. ಬೇಡ, ತಿಳಿಸುವುದು ಬೇಡ. ನಾಳೆ ಹಾಕಿಬಿಡುತ್ತೇನೆ, ಅವಳ ಬಾಯಿ ಮುಚ್ಚಲಿ.

ಮಾರ್ಚ್ 20, ಗುರುವಾರ

ಹಾಕಿದೆ. ಅರ್ಧ ಬೇರೆ ಮಾಡಿ ಅದಕ್ಕೆ. ಉಳಿದರ್ಧ ಹಾಗೇ ಪೆಟ್ಟಿಗೆಯಲ್ಲಿದೆ. ಒಂದು ಹನಿ ಮೇಜಿನ ಮೇಲೆ ಬಿತ್ತು.

ಮಾರ್ಚ್ 21, ಶುಕ್ರವಾರ

ನಿಂತಿವೆ.

ನಿನ್ನೆ ಎಲ್ಲಿದ್ದವೋ ಅಲ್ಲೇ. ಒಂದು ಮಣಿಯೂ ಎರಡಾಗಿಲ್ಲ, ಕೆಲವು ಒಡೆದು ನೀರಾಗಿವೆ. ಔಷಧ ಹಾಕದ ಅರ್ಧದಲ್ಲಿ ಇನ್ನೂ ಹೆಚ್ಚಾಗಿವೆ. ಬ್ಯಾಕ್ಟೀರಿಯಾ. ಎಲ್ಲಿಂದಲೋ ಬಂದ, ಎಲ್ಲ ಕಡೆ ಇರುವ, ಯಃಕಶ್ಚಿತ್ ಬ್ಯಾಕ್ಟೀರಿಯಾ. ಕೊಬ್ಬಿನ ಗುಳ್ಳೆ ಮಣಿಸರವಾಗುವುದನ್ನು ನೋಡಲು ಕಾದು ಕೂತವಳಿಗೆ ಬ್ಯಾಕ್ಟೀರಿಯಾವೂ ಹೀಗೇ ಸರಗಟ್ಟಿ ಬೆಳೆಯುತ್ತದೆ ಎನ್ನುವುದು ನೆನಪಾಗಲಿಲ್ಲ. ಮೊದಲ ವರ್ಷದ ವಿದ್ಯಾರ್ಥಿಯಾದರೂ ಕೇಳುತ್ತಿದ್ದ. ಜೊತೆಗಾರ ಕೇಳಿಯೂ ಇದ್ದ.

ಮೇಡಂ ಬೈಯಲಿಲ್ಲ. ಯಾವ ಜಾತಿಯದು ಎಂದು ಪತ್ತೆ ಮಾಡಲು ಒಂದು ಮಾದರಿ ಕಳಿಸಿ, ಮನೆಗೆ ಹೋಗು ಎಂದರು.

ನೆಟ್ಟಗೆ ಆಸ್ಪತ್ರೆಗೆ ಹೋದೆ. ಅಮ್ಮ ನನ್ನ ಮುಖ ನೋಡಿದಳು. ಇಲ್ಲಮ್ಮ, ಅದಲ್ಲ, ಎಲ್ಲ ನಿಂತುಹೋಯಿತು ಎಂದೆ. ಅವಳು ಗೆದ್ದವಳ ಹಾಗೆ ಏನಾದರೂ ಅನ್ನುತ್ತಾಳೆ ಎಂದುಕೊಂಡಿದ್ದೆ. ಪಕ್ಕಕ್ಕೆ ಸರಿದು ಕುರ್ಚಿಯಲ್ಲಿ ನನಗೂ ಜಾಗ ಮಾಡಿದಳು. ಒಂದೇ ಕುರ್ಚಿಯಲ್ಲಿ ಅರ್ಧರ್ಧ ಕೂತೆವು. ಎಷ್ಟೋ ಹೊತ್ತಾದ ಮೇಲೆ, ಡಾಕ್ಟರನ್ನು ಕರೆ ಎಂದಳು.

ಬೇಡಮ್ಮ, ಇನ್ನೆರಡು ದಿನ ನೋಡೋಣ ಎಂದು ನಾನೇ ಅಂದೆ.

ಅವಳು ಸಹಿ ಹಾಕಿದಳು.

ಮಾರ್ಚ್ 22, ಶನಿವಾರ

ಮಧ್ಯಾಹ್ನ ಮಾಡಿದರು. ಹೊರಗೆ ನಿಲ್ಲಬಹುದು ಎಂದು ಡಾಕ್ಟರ್ ಹೇಳಿದರು. ನಾವಿಬ್ಬರೂ ನಿಲ್ಲಲಿಲ್ಲ.

ಮೊದಲು ಆಮ್ಲಜನಕ ತುಂಬಿಸಿದರು. ಆಮೇಲೆ ಕೊಳವೆ ಬಿಡಿಸಿದರು. ಇಷ್ಟು ದಿನ ಕೇಳುತ್ತಲೇ ಇದ್ದ ಯಂತ್ರದ ಸದ್ದು ನಿಂತಿತು. ಅದು ನಿಂತಾಗಲೇ ಗೊತ್ತಾಗಿದ್ದು, ಅಷ್ಟೂ ಹೊತ್ತು ನಾನು ಅದರ ಜೊತೆಗೇ ಉಸಿರಾಡುತ್ತಿದ್ದೆ ಎಂದು. ಎಲ್ಲರೂ ಅವನ ಎದೆ ನೋಡುತ್ತ ನಿಂತೆವು. ಡಾಕ್ಟರ್, ನರ್ಸ್, ಅಮ್ಮ, ನಾನು. ವರ್ಷಗಳಿಂದ ಇದೇ ನನ್ನ ಕೆಲಸ, ಅಲುಗುತ್ತದೆಯೇ ಎಂದು ನೋಡುತ್ತ ಕೂರುವುದು. ಇಷ್ಟು ಕಣ್ಣು ಬಿಟ್ಟು ಯಾವತ್ತೂ ನೋಡಿಲ್ಲ. ಒಂದು ಸಲ, ಒಂದೇ ಒಂದು ಸಲ, ಬೂಷ್ಟಾದರೂ ಸರಿ, ಸುಳ್ಳಾದರೂ ಸರಿ ಎಂದುಕೊಂಡೆ.

ಅಮ್ಮ ಮಾಮೂಲಿ ದನಿಯಲ್ಲಿ ಅಂದಳು.

"ಏಳಪ್ಪಾ, ಬೆಳಗಾಯ್ತು."

ಏಳಲಿಲ್ಲ.

ರಕ್ತ ತೆಗೆದು ನೋಡಿದರು. ಡಾಕ್ಟರ್ ಗೋಡೆಯ ಗಡಿಯಾರ ನೋಡಿ ಹೊತ್ತು ಹೇಳಿದರು. ಅಮ್ಮ ಕೊರಳಿನ ಟೇಪು ತೆಗೆದು, ಸುತ್ತಿ, ನನ್ನ ಕೈಗೆ ಕೊಟ್ಟಳು.

ಮಾರ್ಚ್ 26, ಬುಧವಾರ

ಎಲ್ಲ ಮುಗಿಯಿತು. ಬಂದವರೆಲ್ಲ ಹೋದರು. ಮನೆಯಲ್ಲಿ ಸದ್ದಿಲ್ಲ. ಇಷ್ಟು ವರ್ಷ ಬಾಯಿ ಮುಚ್ಚೋ ಎಂದು ಎಷ್ಟು ಸಲ ಬೈದಿರಬಹುದು, ಪಾಪದ ಜೀವ.

ಮಾರ್ಚ್ 29, ಶನಿವಾರ

ಮೇಡಂ ಫೋನ್ ಮಾಡಿದರು. ಮಾದರಿಯ ಫಲಿತಾಂಶ ಬಂದಿದೆ. ಹೇಳಲೋ ಬೇಡವೋ ಎಂದು ತಡವರಿಸಿ ಹೇಳಿದರು. ಮನುಷ್ಯರ ಬಾಯಲ್ಲಿ ಇರುವ ಬ್ಯಾಕ್ಟೀರಿಯಾ. ನಾಲಿಗೆಯ ಮೇಲೆ ಇರುತ್ತದೆ, ಮಾತಾಡಿದರೆ ಎಂಜಲಿನ ಹನಿಯ ಜೊತೆ ಹೊರಗೆ ಬೀಳುತ್ತದೆ.

ನಾನು ಆಗಲಿ ಮೇಡಂ ಎಂದೆ. ಫೋನ್ ಇಟ್ಟೆ.

ಮುಚ್ಚಳ ಹಾಕಿರಲಿಲ್ಲ. ಅವನು ಬಗ್ಗಿದಾಗ ಮುಚ್ಚಳ ನನ್ನ ಎಡಗೈಯಲ್ಲಿತ್ತು.

ಏಪ್ರಿಲ್ 2, ಬುಧವಾರ

ಲ್ಯಾಬಿಗೆ ಹೋದೆ. ಔಷಧ ಹಾಕದ ಅರ್ಧ ಬೆಚ್ಚಗಿನ ಪೆಟ್ಟಿಗೆಯಲ್ಲಿ ಇನ್ನೂ ಇದೆ. ಸರಗಳು ಮೊದಲಿನಷ್ಟು ಉದ್ದವಿಲ್ಲ, ತಿನ್ನಲು ಏನೂ ಉಳಿದಿಲ್ಲ. ನಾವು ಕಲಸಿಟ್ಟಿದ್ದನ್ನೆಲ್ಲ ತಿಂದು ಮುಗಿಸಿವೆ. ಕಣ್ಣಿಗೆ ಬಿದ್ದ ತಿನಿಸನ್ನು ಅವನೂ ಬಿಟ್ಟವನಲ್ಲ.

ಮೇಡಂ ಪಕ್ಕದಲ್ಲಿ ಬಂದು ಕೂತರು. ಈಗ ಹೊರಗೆ ಯಾವ ಹೊಂಡದಲ್ಲೂ ಹೊಸದಾಗಿ ಯಾಕೆ ಶುರುವಾಗುವುದಿಲ್ಲ ಹೇಳು ಎಂದು, ಪಾಠ ಒಪ್ಪಿಸಿಕೊಳ್ಳುವ ಹಾಗೆ ಕೇಳಿದರು. ಇರುವವರು ಬಿಡುವುದಿಲ್ಲ, ತಿಂದುಬಿಡುತ್ತಾರೆ ಎಂದೆ. ಹೌದು ಎಂದರು. ಆ ಮೊದಲನೆಯದು ಎಲ್ಲೋ ಒಂದು ಕಡೆ ಶುರುವಾದ ಮೇಲೆ ನಡುವೆ ಎಲ್ಲೂ ಕಡಿದಿಲ್ಲ, ಒಂದರಿಂದ ಒಂದು ಬಂದು ಇಲ್ಲಿಯವರೆಗೆ ತಲುಪಿದೆ, ನಾವು ಇನ್ನೊಂದು ಮೊದಲನ್ನು ಹುಡುಕುತ್ತೇವೆ, ಪ್ರತಿ ಸಲ ಇದೇ ಸಿಗುತ್ತದೆ ಎಂದರು. ಮಂಜಿನ ಚಂದ್ರನಿಗೆ ಹೋಗುವ ಉಪಕರಣದ ಪ್ರತಿ ಮೊಳೆಯನ್ನೂ ಯಾಕೆ ಕಾಯಿಸಿ ಶುದ್ಧ ಮಾಡಿ ಕಳಿಸುತ್ತಾರೆ ಗೊತ್ತಲ್ಲ ಎಂದರು. ಗೊತ್ತು. ಅಷ್ಟು ದೂರ ಹೋದ ಮೇಲೂ ಸಿಕ್ಕಿದ್ದು ನಾವೇ ಆಗಿರಬಾರದು ಎಂದು.

ಜೊತೆಗಾರ ಬಹಳ ಹಿಂಜರಿದು ಒಂದು ಮಾತು ತೆಗೆದ. ಇದು ನಿಮ್ಮ ತಮ್ಮನದ್ದೇ ಎಂದು ಹೇಳಲಾಗುವುದಿಲ್ಲ, ನಿಮ್ಮದೂ ಇರಬಹುದು, ನನ್ನದೂ ಇರಬಹುದು, ನಮ್ಮಿಬ್ಬರ ಬಾಯಿಯದನ್ನೂ ತೆಗೆದು ಹೋಲಿಸಿದರೆ ಗೊತ್ತಾಗುತ್ತದೆ ಎಂದ. ಅದು ಸರಿಯಾದ ಮಾತು. ಮಗುವಿನ ಬಾಯಿಗೆ ಇವು ಬರುವುದು ಹೆಚ್ಚಾಗಿ ತಾಯಿಯಿಂದ. ಹಾಗೆ ನೋಡಿದರೆ ಅವನದು ಯಾವುದು, ನನ್ನದು ಯಾವುದು, ಎರಡೂ ಅಮ್ಮನವೇ ಇರಬಹುದು.

ಬೇಡ, ಆ ಪರೀಕ್ಷೆ ಮಾಡಿಸುವುದಿಲ್ಲ ಎಂದೆ.

ಕೆಟ್ಟ ಸೀಸೆಯನ್ನು ಆಟೊಕ್ಲೇವ್ ಎನ್ನುವ ಹಬೆಯ ಪೆಟ್ಟಿಗೆಗೆ ಹಾಕಿ ಬೇಯಿಸಬೇಕು ಎನ್ನುವುದು ನಿಯಮ. ಸೋಮವಾರದ ಒಳಗೆ ಆಗಲಿ ಎಂದರು ಮೇಡಂ. ಮನೆಗೆ ಬರುವ ಮುಂಚೆ ಅದಕ್ಕೆ ಹೊಸ ನೀರು, ಒಂದು ಚಿಟಿಕೆ ಸಕ್ಕರೆ ಹಾಕಿ ಬಂದೆ.

ಏಪ್ರಿಲ್ 4, ಶುಕ್ರವಾರ

ಅಮ್ಮ ಹೊಲಿಗೆಯ ಮಷಿನ್ನಿನ ಮುಂದೆ ಕೂತು ಅವನ ಕೆಲಸದ ಪ್ಯಾಂಟಿನ ಅಂಚು ಬಿಚ್ಚುತ್ತಿದ್ದಳು. ಯಾರಿಗಾದರೂ ಕೊಟ್ಟರೆ ಉದ್ದ ಬೇಕಾಗಬಹುದು ಎಂದಳು. ಆಮೇಲೆ, ಕೊನೆಗೂ ನಿನ್ನ ಸೀಸೆಯಲ್ಲಿ ಇದ್ದದ್ದು ಏನು ಎಂದು ಕೇಳಿದಳು.

ಬಾಯಿಂದ ಬಿದ್ದದ್ದು ಎಂದೆ.

ಕತ್ತರಿ ಕೆಳಗಿಟ್ಟಳು. ನಾನು ಅವನು ಲ್ಯಾಬಿಗೆ ಬಂದದ್ದು, ಸೀಸೆಯನ್ನು ಎಬ್ಬಿಸಿದ್ದು, ಎಲ್ಲ ಹೇಳಿದೆ. ಹೇಳುತ್ತ ಹೇಳುತ್ತ ಅತ್ತೆ. ಅಮ್ಮನ ಮುಖದಲ್ಲಿ ಇಷ್ಟು ದಿನದಲ್ಲಿ ಮೊದಲ ಸಲ ನಗುವಿನಂಥದ್ದು ಬಂದು ಹೋಯಿತು. "ಅಲ್ಲೂ ಸುಮ್ನಿರ್ಲಿಲ್ಲ" ಎಂದಳು. ಸ್ವಲ್ಪ ಹೊತ್ತಿನ ಮೇಲೆ ಕೇಳಿದಳು.

"ಈಗ್ಲೂ ಇದ್ಯಾ?"

ಇದೆ ಎಂದೆ. ಸಕ್ಕರೆ ಹಾಕುತ್ತಿದ್ದೇನೆ. ಸಾಯಿಸಬೇಕು ಎನ್ನುತ್ತಾರೆ. ಫ್ರಿಜ್ಜಿನಲ್ಲಿ ಬಹಳ ವರ್ಷ ಇಡಬಹುದು, ಯಾರಿಗೂ ಗೊತ್ತಾಗುವುದಿಲ್ಲ, ಜೀವ ಇದೆಯಮ್ಮ ಅದರಲ್ಲಿ ಎಂದೆ.

ಅಮ್ಮ ಪ್ಯಾಂಟನ್ನು ಮಡಿಸಿ ತೊಡೆಯ ಮೇಲಿಟ್ಟುಕೊಂಡಳು. ನನ್ನ ಕಡೆ ನೋಡದೆ, ಮಡಿಕೆಯನ್ನು ಕೈಯಿಂದ ತೀಡುತ್ತ ಅಂದಳು.

"ಅದು ಅವನಲ್ಲ ಕಣೇ."

ಏಪ್ರಿಲ್ 7, ಸೋಮವಾರ

ಸಂಜೆ ಎಲ್ಲರೂ ಹೊರಡುವ ಹೊತ್ತಿಗೆ ಸೀಸೆ ತೆಗೆದೆ. ಕೊನೆಯದಾಗಿ ಒಂದು ಹನಿ ನೋಡೋಣವೆಂದು ಸೂಕ್ಷ್ಮದರ್ಶಕದವರೆಗೆ ಹೋಗಿ, ನೋಡದೆ ವಾಪಸಾದೆ. ಮುಖಗವಸು ಕೆಳಗಿಳಿಸಿ ಸೀಸೆಯ ಮೇಲೆ ಬಗ್ಗಿದೆ. ಏನಾದರೂ ಹೇಳಬೇಕಿತ್ತು. ಮನೆಯಲ್ಲಿ ಮಾತೆಲ್ಲ ಅವನೇ ಆಡುತ್ತಿದ್ದ, ನನಗೆ ಬರುವುದಿಲ್ಲ. ಮುಚ್ಚಳ ಸಡಿಲ ಮಾಡಿ ಆಟೊಕ್ಲೇವಿಗೆ ಇಟ್ಟು ಬಾಗಿಲು ತಿರುಗಿಸಿದೆ. ಒಳಗೆ ಹಬೆ ತುಂಬುವ ಸದ್ದು ಕೇಳುತ್ತ ಪಕ್ಕದಲ್ಲೇ ನಿಂತಿದ್ದೆ.

ತಣ್ಣಗಾದ ಮೇಲೆ ತೆಗೆದು ಚೆಲ್ಲಿದೆ. ಆಮೇಲೆ ತೋಳು ಮಡಿಸಿ, ತೊಟ್ಟಿಯಲ್ಲಿ ಬಿದ್ದಿದ್ದ ಗಾಜಿನ ಸಾಮಾನೆಲ್ಲ ತೊಳೆಯಲು ನಿಂತೆ. ಬೀಕರುಗಳು, ನಳಿಕೆಗಳು, ಕಂದು ಕಲೆಯ ಬಟ್ಟಲುಗಳು. ಆ ಸೀಸೆಯನ್ನು ಕೊನೆಗೆ ಉಳಿಸಿಕೊಂಡು, ಬ್ರಷ್ಷಿನಿಂದ ಒಳಗೆಲ್ಲ ಉಜ್ಜಿದೆ.

ಚೀಲ ಹೆಗಲಿಗೇರಿಸಿ ಹೊರಟಿದ್ದ ಜೊತೆಗಾರ ಬಾಗಿಲಲ್ಲಿ ನಿಂತ. ಇವತ್ತು ಆ ಪದ ಯಾರ ಬಾಯಿಂದಲೂ ಬಂದಿರಲಿಲ್ಲ.

"ಯಾರು ಅಂದ್ರು?" ಎಂದು ಕೇಳಿದ.

"ನನ್ನ ತಮ್ಮ," ಎಂದೆ.

ಅವನು ಚೀಲ ಕೆಳಗಿಟ್ಟು, ಒರೆಸುವ ಬಟ್ಟೆ ತೆಗೆದುಕೊಂಡು ಪಕ್ಕಕ್ಕೆ ಬಂದು ನಿಂತ.